ಡಿಕ್ಕಿ ತೆಗೆಯುತ್ತಿಲ್ಲ ಅಂತೀರಲ್ಲ, ‘ಟಕ್’ ಅಂತ ಸದ್ದು ಬಂತಾ?

ಓದುಗರ ಪ್ರಶ್ನೆ: ನಾವು ತೀರ್ಥಹಳ್ಳಿ ಕಡೆಯವರು. ಮಳೆ ಹಿಡಿದ ಮೇಲೆ ಕಾರಿನ ಡಿಕ್ಕಿ ತೆಗೆಯೋದೇ ಒಂದು ಸರ್ಕಸ್ ಆಗಿದೆ ಮಾರಾಯ್ರೆ. ಒಂದು ದಿನ ರಿಮೋಟಿಗೆ ಬಗ್ಗುತ್ತದೆ, ಇನ್ನೊಂದು ದಿನ ಎಂಥ ಮಾಡಿದರೂ ಇಲ್ಲ. ಮೊನ್ನೆ ಪಂಕ್ಚರ್ ಆಗಿ ನಿಂತಾಗ ಸ್ಟೆಪ್ನಿ ಒಳಗೆ, ನಾವು ಹೊರಗೆ. ರಾಡ್ ಹಾಕಿ ಮೀಟೋದೊಂದೇ ಬಾಕಿ. ಬೇರೆ ದಾರಿ ಉಂಟಾ? ತೆಂಗಿನೆಣ್ಣೆ ಬಿಟ್ಟರೆ ಸರಿ ಹೋಗ್ತದಾ?

ರಾಡನ್ನು ಮೊದಲು ಕೆಳಗಿಡಿ. ಡಿಕ್ಕಿ ಬಾಗಿಲಿನ ಸಂದಿಗೆ ರಾಡ್ ತೂರಿಸಿ ಮೀಟಿದರೆ ಲಾಕ್ ಬಿಡುವುದಕ್ಕಿಂತ ಮುಂಚೆ ತಗಡು ಬಗ್ಗುತ್ತದೆ, ಸುತ್ತಲಿನ ರಬ್ಬರ್ ಬೀಡಿಂಗ್ ಹರಿಯುತ್ತದೆ. ಅಲ್ಲಿಂದಾಚೆಗೆ ತೆಗೆಯುವುದು ಸುಲಭ, ಮುಚ್ಚುವುದೇ ಕಷ್ಟ. ನಮ್ಮ ಕಡೆಯ ಮಳೆಗೆ ಅಷ್ಟು ಸಂದಿ ಸಿಕ್ಕರೆ ಸಾಕು, ಸ್ಟೆಪ್ನಿ ಇಡುವ ಗುಂಡಿ ಕೆರೆಯಾಗುತ್ತದೆ.

ಕನ್ನಡದಲ್ಲಿ ಡಿಕ್ಕಿಗೆ ಎರಡು ಅರ್ಥ. ಹೊಡೆಯುವುದೂ ಡಿಕ್ಕಿಯೇ, ಸಾಮಾನು ತುಂಬುವುದೂ ಡಿಕ್ಕಿಯೇ. ಸಾಮಾನಿನ ಡಿಕ್ಕಿ ಬಂದದ್ದು ಹಳೇ ಕಾಲದ ಇಂಗ್ಲಿಷ್ ಗಾಡಿಗಳ ಹಿಂಬದಿಯಲ್ಲಿ ಬಿಚ್ಚಿಕೊಳ್ಳುತ್ತಿದ್ದ ‘ಡಿಕ್ಕಿ ಸೀಟ್’ನಿಂದ. ಇದು ತೆಗೆಯದೆ ಸತಾಯಿಸಿದಾಗ ಅದನ್ನು ಹೊಡೆಸಿಬಿಡುವ ಮನಸ್ಸಾಗುವುದು ನನಗೂ ಗೊತ್ತು.

ಈಗ ವಿಷಯಕ್ಕೆ ಬರೋಣ. ಡಿಕ್ಕಿ ತೆಗೆಯದಿದ್ದಾಗ ಕೈಗೆ ಕೆಲಸ ಕೊಡುವ ಮೊದಲು ಕಿವಿಗೆ ಕೊಡಬೇಕು. ಒಬ್ಬರು ರಿಮೋಟ್ ಒತ್ತಲಿ, ಇನ್ನೊಬ್ಬರು ಹಿಂದೆ ನಿಂತು ನೋಡಲಿ: ಇಂಡಿಕೇಟರ್ ಮಿನುಗಿತಾ? ಮಿನುಗಿದರೆ ರಿಮೋಟೂ ಕಾರಿನ ಬ್ಯಾಟರಿಯೂ ಬದುಕಿವೆ ಎಂದರ್ಥ. ಆಮೇಲೆ ಡಿಕ್ಕಿಯ ಸ್ವಿಚ್ ಒತ್ತಿ, ಲಾಕ್ ಇರುವ ಜಾಗಕ್ಕೆ ಕಿವಿ ಇಡಿ. ಒಳಗಿಂದ ‘ಟಕ್’ ಎಂದೋ ‘ಜುರ್ರ್’ ಎಂದೋ ಸದ್ದು ಬಂದೂ ಬಾಗಿಲು ಏಳದಿದ್ದರೆ ಕರೆಂಟಿನ ತಪ್ಪಿಲ್ಲ. ಕೊಂಡಿ ಬಿಗಿದಿದೆ. ಸದ್ದೇ ಇಲ್ಲದಿದ್ದರೆ ಕೊಂಡಿಯ ತನಕ ಕರೆಂಟು ಹೋಗುತ್ತಿಲ್ಲ. ಅರ್ಧ ರೋಗ ಇಲ್ಲೇ ಪತ್ತೆಯಾಗುತ್ತದೆ. ಇದನ್ನು ನೋಡದೆ ಹೊಸ ರಿಮೋಟಿಗೆ ದುಡ್ಡು ಸುರಿದವರನ್ನು ಬೇಕಾದಷ್ಟು ಕಂಡಿದ್ದೇನೆ.

ಸದ್ದು ಬಂದೂ ತೆಗೆಯದ ಕತೆಯನ್ನೇ ಮೊದಲು ಹೇಳುತ್ತೇನೆ, ಯಾಕೆಂದರೆ ಅದು ನನಗೇ ಆದದ್ದು. ಜೂನ್ ಮೊದಲ ವಾರ, ಹೊಸನಗರದ ಹತ್ತಿರ ನೆಂಟರ ಮನೆಗೆ ಹೋಗಿ ವಾಪಸ್ ಶಿವಮೊಗ್ಗಕ್ಕೆ ಹೊರಟಿದ್ದೆವು. ಮಲೆನಾಡಿನಲ್ಲಿ ಯಾರನ್ನಾದರೂ ಬರಿಗೈಲಿ ಕಳಿಸುವುದುಂಟೇ? ಬಾಳೆಗೊನೆ ಒಂದು, ಕಳಲೆ ಒಂದು ಕಟ್ಟು, ಮೇಲಿಂದ ಎರಡು ಹಲಸಿನಹಣ್ಣು. ಭಾವ ಬಾಗಿಲನ್ನು ಮಂಡಿಯಲ್ಲಿ ಒತ್ತಿ ಮುಚ್ಚಿಕೊಟ್ಟರು. ಮನೆಗೆ ಬಂದರೆ ಡಿಕ್ಕಿ ತೆಗೆಯುವುದೇ ಇಲ್ಲ. ಲಿವರ್ ಎಳೆದರೆ ಸದ್ದು ಬರುತ್ತದೆ, ಬಾಗಿಲು ಏಳುವುದಿಲ್ಲ. ಒಳಗೆ ಹಣ್ಣು ಬೇರೆ ಕಳಿತಿದೆ, ವಾಸನೆ ಹಿಂದಿನ ಸೀಟಿನ ತನಕ ಬಂದಾಗಿದೆ. ಆ ರಾತ್ರಿ ಸಿಟ್ಟಿನಲ್ಲಿ ನಾಲ್ಕು ಸಲ ಜೋರಾಗಿ ಎಳೆದು ಲಿವರಿನ ಕೇಬಲ್ಲನ್ನೂ ಸಡಿಲ ಮಾಡಿಟ್ಟೆ.

ಬೆಳಿಗ್ಗೆ ಬಂದ ಮೆಕ್ಯಾನಿಕ್ ಕೈಯಲ್ಲಿ ಸ್ಪಾನರ್ ಕೂಡ ಇರಲಿಲ್ಲ. ‘ನೀವು ಒಳಗೆ ಲಿವರ್ ಎಳ್ಕೊಂಡು ಹಿಡೀರಿ ಸಾರ್’ ಎಂದವನೇ ಎರಡು ಅಂಗೈಯಲ್ಲಿ ಡಿಕ್ಕಿಯ ಬಾಗಿಲನ್ನು ಕೆಳಕ್ಕೆ ಅದುಮಿ ಬಿಟ್ಟ. ಟಕ್. ಬಾಗಿಲು ಮೇಲೆದ್ದಿತು. ಆಗಿದ್ದು ಇಷ್ಟೇ: ಡಿಕ್ಕಿಯ ಲಾಕ್ ಎಂದರೆ ಒಂದು ಕೊಕ್ಕೆ, ಅದು ಕಾರಿನ ಬಾಡಿಯಲ್ಲಿ ಕೂತಿರುವ ಕಬ್ಬಿಣದ ಬಳೆಯನ್ನು ಕಚ್ಚಿ ಹಿಡಿಯುತ್ತದೆ. ಒಳಗಿನ ಸಾಮಾನು ಬಾಗಿಲನ್ನು ಮೇಲಕ್ಕೆ ನೂಕುತ್ತಿದ್ದರೆ ಆ ಹಿಡಿತ ಬಿಗಿಯಾಗಿ ಕೊಕ್ಕೆ ಜಾರುವುದಿಲ್ಲ, ಮೋಟಾರಿಗೋ ಕೇಬಲ್ಲಿಗೋ ಅದನ್ನು ಬಿಡಿಸುವ ಶಕ್ತಿ ಸಾಲುವುದಿಲ್ಲ. ಕೆಳಕ್ಕೆ ಒತ್ತಿದಾಗ ಬಿಗಿ ಸಡಿಲುತ್ತದೆ. ಹಣ್ಣು, ಅಡಿಕೆ ಚೀಲ, ತುರುಕಿದ ಸೂಟ್‌ಕೇಸು ಯಾವುದಾದರೂ ಇದೇ ಆಟ ಆಡಬಲ್ಲದು. ಆದ್ದರಿಂದ ಎತ್ತುವ ಮೊದಲು ಒತ್ತಿ ನೋಡಿ. ತುಕ್ಕು ಹಿಡಿದ, ಕೆಮ್ಮಣ್ಣು ಕೂತ ಕೊಂಡಿಗೂ ಇದೇ ಮದ್ದು: ಒಬ್ಬರು ಒತ್ತಿ ಬಿಡುತ್ತಿರಲಿ, ಇನ್ನೊಬ್ಬರು ಸ್ವಿಚ್ ಅದುಮುತ್ತಿರಲಿ.

ಇನ್ನು ಸದ್ದೇ ಬಾರದ ಗಾಡಿ. ನಿಮ್ಮದು ಮಳೆಗಾಲದಲ್ಲಿ ಮಾತ್ರ, ಅದೂ ದಿನ ಬಿಟ್ಟು ದಿನ ಕೈಕೊಡುತ್ತಿದೆ ಎಂದರೆ ನನ್ನ ಅನುಮಾನ ಎರಡೇ ಜಾಗದ ಮೇಲೆ. ಒಂದು, ನಂಬರ್ ಪ್ಲೇಟಿನ ಮೇಲಿರುವ ರಬ್ಬರ್ ಸ್ವಿಚ್. ಬೆರಳಿಗೆ ಮೆತ್ತಗೆ ಸಿಗುವ ಆ ರಬ್ಬರ್ ಕೆಲವು ವರ್ಷ ಬಿಸಿಲು ಮಳೆ ತಿಂದ ಮೇಲೆ ಅಂಟಂಟಾಗಿ ಬಿರಿಯುತ್ತದೆ, ಬಿರುಕಿನಲ್ಲಿ ನೀರು ಇಳಿದು ಒಳಗಿನ ಪುಟ್ಟ ಸ್ವಿಚ್ಚಿಗೆ ಹಸಿರು ಕಿಲುಬು ಹಿಡಿಯುತ್ತದೆ. ಬಿಸಿಲು ಬಿದ್ದ ದಿನ ಒಣಗಿ ಕೆಲಸ ಮಾಡುತ್ತದೆ, ಮಳೆ ಬಿದ್ದ ದಿನ ಮೌನ. ಆಗುಂಬೆಯಲ್ಲಿ ವರ್ಷಕ್ಕೆ 7,000 ಮಿಲಿಮೀಟರಿಗೂ ಮೇಲೆ ಮಳೆ. ನಿಮ್ಮೂರು ಅಲ್ಲಿಂದ ಎಷ್ಟು ದೂರ ಹೇಳಿ? ಒಣ ಸೀಮೆಯಲ್ಲಿ ಹತ್ತು ವರ್ಷ ಬಾಳುವ ರಬ್ಬರು ಇಲ್ಲಿ ಅಷ್ಟು ದಿನ ತಾಳದಿದ್ದರೆ ಆಶ್ಚರ್ಯವೇನಿಲ್ಲ. ಸ್ವಿಚ್ ಬದಲಿಸುವುದು ಸಣ್ಣ ಕೆಲಸ.

ಎರಡನೆಯ ಜಾಗ, ಬಾಗಿಲಿನ ಕೀಲಿನ ಹತ್ತಿರ ಬಾಡಿಯಿಂದ ಬಾಗಿಲಿಗೆ ದಾಟುವ ಸುಕ್ಕುಸುಕ್ಕಾದ ರಬ್ಬರ್ ಕೊಳವೆ. ಅದರೊಳಗೆ ವೈರ್‌ಗಳಿವೆ. ಪ್ರತಿ ಸಲ ಬಾಗಿಲು ಎದ್ದು ಇಳಿದಾಗ ಅವೂ ಬಗ್ಗುತ್ತವೆ. ಸಾವಿರಾರು ಸಲ ಬಗ್ಗಿದ ತಾಮ್ರದ ಎಳೆ ಒಂದು ದಿನ ಒಳಗೊಳಗೇ ಮುರಿಯುತ್ತದೆ, ಹೊರಗೆ ಏನೂ ಕಾಣುವುದಿಲ್ಲ. ಇದಕ್ಕೆ ಒಂದು ಸುಳಿವಿದೆ. ರಾತ್ರಿ ಹೆಡ್‌ಲೈಟ್ ಹಾಕಿ ಹಿಂದೆ ಹೋಗಿ ನೋಡಿ: ನಂಬರ್ ಪ್ಲೇಟಿನ ದೀಪವೂ ಆರಿದೆಯಾ? ಹ್ಯಾಚ್‌ಬ್ಯಾಕ್ ಆದರೆ ಹಿಂದಿನ ವೈಪರ್ ಕೂಡ ಸುಮ್ಮನಿದೆಯಾ? ಒಟ್ಟಿಗೆ ಎರಡು ಮೂರು ಕೆಲಸ ನಿಂತಿದ್ದರೆ ವೈರಿನದೇ ದೋಷ ಎಂದು ಹೆಚ್ಚುಕಡಿಮೆ ಹೇಳಬಹುದು, ಫ್ಯೂಸ್ ಒಂದನ್ನು ನೋಡಿಕೊಂಡು. ಫ್ಯೂಸ್ ಸುಟ್ಟಿದ್ದರೆ ಅದೇ ಆಂಪಿಯರಿನದನ್ನೇ ಹಾಕಿ. ದೊಡ್ಡದು ಹಾಕಿದರೆ ಮುಂದಿನ ಸಲ ಸುಡುವುದು ಫ್ಯೂಸ್ ಅಲ್ಲ, ವೈರ್. ಇಲಿಯ ವಿಷಯ ನಿಮಗೆ ನಾನು ಹೇಳಬೇಕಾಗಿಲ್ಲ. ಕೊಟ್ಟಿಗೆ ಪಕ್ಕ ವಾರಗಟ್ಟಲೆ ನಿಂತ ಕಾರು ಅವಕ್ಕೆ ಬಾಡಿಗೆಯಿಲ್ಲದ ಮನೆ.

ಇಂಡಿಕೇಟರೇ ಮಿನುಗದಿದ್ದರೆ? ರಿಮೋಟಿನ ಸೆಲ್ ಮುಗಿದಿರಬಹುದು. ಬಹಳಷ್ಟು ರಿಮೋಟಿನಲ್ಲಿ ಇರುವುದು ಸಿಆರ್ 2032 ಎಂಬ 3 ವೋಲ್ಟಿನ ಗುಂಡಿ ಸೆಲ್. ಆ ಅಂಕಿ ಅದರ ಅಳತೆ: 20 ಮಿಲಿಮೀಟರ್ ಅಗಲ, 3.2 ಮಿಲಿಮೀಟರ್ ದಪ್ಪ. 2025 ಎಂದರೆ ಅಷ್ಟೇ ಅಗಲ, ದಪ್ಪ 2.5. ಅಂಗಡಿಯವರು ‘ಎರಡೂ ಒಂದೇ ಬಿಡಿ’ ಎಂದರೆ ಒಪ್ಪಬೇಡಿ, ತೆಳ್ಳಗಿನದು ಅಲುಗಾಡಿ ಮತ್ತೆ ಇದೇ ರಗಳೆ. ಹಳೆಯದನ್ನೇ ಒಯ್ದು ನಂಬರ್ ನೋಡಿ ತನ್ನಿ. ಪ್ಯಾಂಟಿನ ಜೇಬಲ್ಲಿ ನೆಂದ ರಿಮೋಟಾದರೆ ಬಿಚ್ಚಿ, ಸೆಲ್ ತೆಗೆದು ಒಂದು ದಿನ ಒಣಗಲು ಬಿಡಿ. ಒಲೆಯ ಮೇಲೆ ಮಾತ್ರ ಇಡಬೇಡಿ.

ಬಟನ್ ಒತ್ತಿ ಸ್ಟಾರ್ಟ್ ಮಾಡುವ ಗಾಡಿಗಳ ರಿಮೋಟಿನೊಳಗೆ ಸಾಮಾನ್ಯವಾಗಿ ಕಬ್ಬಿಣದ ಕೀ ಒಂದು ಅಡಗಿರುತ್ತದೆ. ಬದಿಯ ಸಣ್ಣ ಗುಂಡಿ ಸರಿಸಿದರೆ ಈಚೆ ಬರುತ್ತದೆ. ಡ್ರೈವರ್ ಬಾಗಿಲಿನ ಹಿಡಿಕೆಯ ಹತ್ತಿರ ಕೀ ತೂತು ಇರುತ್ತದೆ, ಕೆಲವದರಲ್ಲಿ ಮುಚ್ಚಳದ ಕೆಳಗೆ. ಹಾಗೆ ತೆಗೆದರೆ ಅಲಾರಂ ಕೂಗಬಹುದು, ಹೆದರಬೇಡಿ. ಸತ್ತ ಸೆಲ್ಲಿನ ರಿಮೋಟನ್ನೇ ಸ್ಟಾರ್ಟ್ ಬಟನ್ನಿಗೋ ಕಂಪನಿಯವರು ಗುರುತು ಮಾಡಿದ ಜಾಗಕ್ಕೋ ತಾಗಿಸಿ ಹಿಡಿದರೆ ಗಾಡಿ ಅದನ್ನು ಗುರುತಿಸುತ್ತದೆ. ಒಳಗಿನ ಚಿಪ್ಪಿಗೆ ಸ್ವಂತ ಸೆಲ್ ಬೇಡ, ಆ ಜಾಗದಲ್ಲಿ ಕಾರಿನೊಳಗಿರುವ ತಂತಿ ಸುರುಳಿಯಿಂದಲೇ ಶಕ್ತಿ ತೆಗೆದುಕೊಳ್ಳುತ್ತದೆ.

ಬಾಗಿಲು ತೆಗೆದರೂ ಒಳಗಿನ ದೀಪ ಹತ್ತದಿದ್ದರೆ ಕಾರಿನ ಬ್ಯಾಟರಿಯೇ ಮಲಗಿದೆ. ಬಾನೆಟ್ಟಿನ ಲಿವರ್ ಮಾಮೂಲಿ ಗಾಡಿಗಳಲ್ಲಿ ಕೇಬಲ್ಲಿನದು, ಕರೆಂಟಿಲ್ಲದೆಯೂ ತೆಗೆಯುತ್ತದೆ. ಇನ್ನೊಂದು ಕಾರಿನಿಂದ ಜಂಪ್ ಕೊಡಿ: ಕೆಂಪು ತಂತಿ ಸತ್ತ ಬ್ಯಾಟರಿಯ ಪ್ಲಸ್ಸಿಗೆ, ಅದರ ಇನ್ನೊಂದು ತುದಿ ಒಳ್ಳೆಯ ಬ್ಯಾಟರಿಯ ಪ್ಲಸ್ಸಿಗೆ, ಕಪ್ಪು ತಂತಿ ಒಳ್ಳೆಯದರ ಮೈನಸ್ಸಿಗೆ, ಕೊನೆಯ ತುದಿ ನಿಮ್ಮ ಇಂಜಿನ್ನಿನ ಬಣ್ಣವಿಲ್ಲದ ಲೋಹಕ್ಕೆ. ಬಿಚ್ಚುವಾಗ ಇದರ ತಿರುಗುಮುರುಗು. ದಾರಿಯಲ್ಲಿ ಲಾರಿಯವರು ಸಹಾಯಕ್ಕೆ ನಿಂತರೆ ಮೊದಲು ಅವರ ಗಾಡಿ ಎಷ್ಟು ವೋಲ್ಟ್ ಎಂದು ಕೇಳಿ. ದೊಡ್ಡ ಲಾರಿ, ಬಸ್ಸುಗಳಲ್ಲಿ 24 ವೋಲ್ಟ್ ಇರುವುದುಂಟು. ನಿಮ್ಮ 12 ವೋಲ್ಟಿನ ಗಾಡಿಗೆ ಅದು ತಾಗಿದರೆ ಡಿಕ್ಕಿಯ ಚಿಂತೆ ಮರೆತೇ ಹೋಗುವಷ್ಟು ಖರ್ಚು.

ಸೀಟಿನ ಪಕ್ಕದ ಲಿವರಿನಿಂದ ತೆಗೆಯುವ ಸೆಡಾನ್ ನಿಮ್ಮದಾದರೆ ಕೈಗೇ ಸುಳಿವು ಸಿಗುತ್ತದೆ. ಲಿವರ್ ಸಡಿಲವಾಗಿ ಬಂದರೆ ಕೇಬಲ್ ತುದಿ ಕಳಚಿದೆ ಅಥವಾ ಹರಿದಿದೆ. ಕಲ್ಲಿನಂತೆ ಬಿಗಿಯಿದ್ದರೆ ಕೊಂಡಿಗೆ ತುಕ್ಕು. ಕಳಚಿದ್ದಾದರೆ ಲಿವರಿನ ಪ್ಲಾಸ್ಟಿಕ್ ಕವರ್ ಬಿಚ್ಚಿ, ಒಳಗಿನ ತಂತಿಯನ್ನು ಕಟಿಂಗ್ ಪ್ಲೇಯರಿನಲ್ಲಿ ಹಿಡಿದು ಮೆಲ್ಲಗೆ ಎಳೆದರೆ ಡಿಕ್ಕಿ ತೆಗೆಯುತ್ತದೆ. ಲಿವರಿಗೂ ಕೀ ತೂತು ಇರುವ ಹಳೇ ಗಾಡಿಗಳಿವೆ. ಯಾರಾದರೂ ಅದನ್ನು ಲಾಕ್ ಮಾಡಿಟ್ಟು ಮರೆತಿದ್ದರೆ ಎಷ್ಟು ಎಳೆದರೂ ಅಷ್ಟೇ.

ಯಾವುದಕ್ಕೂ ಜಗ್ಗದಿದ್ದರೆ ಒಳಗಿಂದ ಹೋಗಬೇಕು. ಹ್ಯಾಚ್‌ಬ್ಯಾಕಿನಲ್ಲಿ ಇದು ಸಲೀಸು: ಹಿಂದಿನ ಸೀಟು ಮಡಚಿ, ಮೇಲಿನ ತಟ್ಟೆ ತೆಗೆದು, ಟಾರ್ಚ್ ಹಿಡಿದು ತೆವಳಿ ಹೋಗಿ. ಬಾಗಿಲಿನ ಒಳಮೈಯಲ್ಲಿ, ಕೆಳಗೆ ನಡುಮಧ್ಯದಲ್ಲಿ ಚಿಕ್ಕ ಪ್ಲಾಸ್ಟಿಕ್ ಮುಚ್ಚಳವೋ ಸೀಳೋ ಎಷ್ಟೋ ಗಾಡಿಗಳಲ್ಲಿ ಇರುತ್ತದೆ. ಚಪ್ಪಟೆ ಸ್ಕ್ರೂಡ್ರೈವರಿನಿಂದ ಮುಚ್ಚಳ ತೆಗೆದು, ಒಳಗೆ ಕಾಣುವ ಸಣ್ಣ ಕಡ್ಡಿಯನ್ನು ಪಕ್ಕಕ್ಕೆ ನೂಕಿದರೆ ಆಯಿತು. ಯಾವ ಪಕ್ಕಕ್ಕೆ ಎಂದು ಗಾಡಿಯ ಜೊತೆ ಬಂದ ಪುಸ್ತಕದಲ್ಲಿ ಚಿತ್ರ ಇರುತ್ತದೆ. ಆ ಪುಸ್ತಕ ಡಿಕ್ಕಿಯಲ್ಲೇ ಇದ್ದರೆ ದೇವರೇ ಗತಿ. ಸೆಡಾನಿನಲ್ಲಿ ಸೀಟು ಮಡಚದಿದ್ದರೆ ಕೂರುವ ಭಾಗವನ್ನು ಎತ್ತಿ, ಒರಗುವ ಭಾಗದ ಬೋಲ್ಟ್ ಬಿಚ್ಚಬೇಕು. ಹಿಂದೆ ತಗಡಿನ ಅಡ್ಡಗೋಡೆ ಇದ್ದರೂ ಇದ್ದೀತು. ಅಷ್ಟು ಹೊತ್ತಿಗೆ ಶಿವಮೊಗ್ಗದ ಆಟೋ ಕಾಂಪ್ಲೆಕ್ಸಿಗೆ ಗಾಡಿ ತಂದು ಬಿಡುವುದೇ ಮೇಲು. ಕೀ ಡಿಕ್ಕಿಯೊಳಗೆ ಬಿದ್ದು ಗಾಡಿ ಪೂರಾ ಲಾಕ್ ಆಗಿದ್ದರೆ ಮನೆಯಲ್ಲಿರುವ ಎರಡನೇ ಕೀಗೆ ಫೋನ್ ಮಾಡಿ. ಅದೂ ಇಲ್ಲದಿದ್ದರೆ ಕೀ ಮಾಡುವವರನ್ನು ಕರೆಸಿ. ಅವರು ತೆಗೆಯುವುದು ಮುಂದಿನ ಬಾಗಿಲನ್ನು, ಡಿಕ್ಕಿಯನ್ನಲ್ಲ.

ಮಕ್ಕಳು ಕಣ್ಣಾಮುಚ್ಚಾಲೆ ಆಡುತ್ತಾ ಡಿಕ್ಕಿಗೆ ಹೊಕ್ಕರೆ ಮಾತ್ರ ಮೇಲಿನದ್ದೆಲ್ಲ ಪಕ್ಕಕ್ಕಿಡಿ. ಬಾಗಿಲು ತಕ್ಷಣ ತೆಗೆಯದಿದ್ದರೆ ಹಿಂದಿನ ಬದಿಯ ಗಾಜು ಒಡೆದು ಸೀಟು ಕೀಳಿ, 112ಕ್ಕೆ ಫೋನ್ ಮಾಡಿ. ಬದಿಯ ಗಾಜು ಕಾಳುಕಾಳಾಗಿ ಉದುರುತ್ತದೆ, ಮುಂದಿನ ದೊಡ್ಡ ಗಾಜು ಹಾಗೆ ಒಡೆಯುವುದಿಲ್ಲ. ಅಮೆರಿಕದಲ್ಲಿ 1998ರ ಬೇಸಿಗೆಯಲ್ಲಿ ಮಕ್ಕಳು ಹೀಗೆ ಡಿಕ್ಕಿಯಲ್ಲಿ ಸಿಕ್ಕಿ ಸತ್ತ ಮೇಲೆ, 2001ರ ಸೆಪ್ಟೆಂಬರಿನಿಂದ ತಯಾರಾಗುವ ಸೆಡಾನ್ ಡಿಕ್ಕಿಗಳಿಗೆ ಒಳಗಿಂದಲೇ ತೆಗೆಯುವ ಹಿಡಿಕೆ ಕಡ್ಡಾಯವಾಯಿತು. ಕತ್ತಲಲ್ಲಿ ಹೊಳೆಯುತ್ತದೆ ಅದು. ನಿಮ್ಮ ಗಾಡಿಯಲ್ಲಿ ಇದೆಯಾ ಎಂದು ಇವತ್ತೇ ನೋಡಿ.

ಪಂಕ್ಚರಿನ ಮಾತು. ಜಾಕು, ವೀಲ್ ಸ್ಪಾನರ್, ಟಾರ್ಚುಗಳನ್ನು ಡಿಕ್ಕಿಯಿಂದ ತೆಗೆದು ಮುಂದಿನ ಸೀಟಿನ ಕೆಳಗೆ ಗಟ್ಟಿಯಾಗಿ ಕಟ್ಟಿಡಿ. ಜೊತೆಗೆ ಸಿಗರೇಟ್ ಲೈಟರಿನ ತೂತಿಗೆ ಸಿಕ್ಕಿಸುವ ಗಾಳಿ ಪಂಪು ಒಂದು. ಮೊಳೆ ಚುಚ್ಚಿದ ಟ್ಯೂಬ್‌ಲೆಸ್ ಟಯರಿಗೆ ಅದರಲ್ಲಿ ಗಾಳಿ ತುಂಬಿಸಿಕೊಂಡು, ನಡುವೆ ನಿಲ್ಲಿಸಿ ನೋಡಿಕೊಳ್ಳುತ್ತಾ ಪಂಕ್ಚರ್ ಅಂಗಡಿ ತನಕ ಮೆಲ್ಲಗೆ ಹೋಗಬಹುದು. ಆಗುಂಬೆ ಘಾಟಿಯ 14 ತಿರುವುಗಳಲ್ಲಿ ಎಲ್ಲೋ ನಿಂತರೆ ಫೋನಿಗೆ ಸಿಗ್ನಲ್ ಸಿಕ್ಕೇ ಸಿಗುತ್ತದೆ ಎಂದು ನಂಬಿ ಕೂರುವಂತಿಲ್ಲ.

ಕೊನೆಗೆ ನಿಮ್ಮ ತೆಂಗಿನೆಣ್ಣೆ. ಬಿಟ್ಟ ದಿನ ಚೆನ್ನಾಗಿಯೇ ಕೆಲಸ ಮಾಡುತ್ತದೆ. ಆದರೆ ಅದು 24 ಡಿಗ್ರಿಯ ಆಸುಪಾಸಿನಲ್ಲೇ ಹೆಪ್ಪುಗಟ್ಟುತ್ತದೆ. ಡಿಸೆಂಬರಿನ ಬೆಳಿಗ್ಗೆ ಬಚ್ಚಲಲ್ಲಿ ಬಾಟಲಿಯಿಂದ ಎಣ್ಣೆ ಬೀಳದೆ ಬಿಸಿನೀರಿನಲ್ಲಿ ಅದ್ದಿ ಇಡುತ್ತೀರಲ್ಲ, ಕೊಂಡಿಯೊಳಗೂ ಅದೇ ಆಗುತ್ತದೆ. ಮೇಲಾಗಿ ಧೂಳು ಹಿಡಿದು ಅಂಟಾಗುತ್ತದೆ. ಡಬ್ಲ್ಯುಡಿ-40 ಎಂಬ ಸ್ಪ್ರೇ ನೀರು ಓಡಿಸಿ ತುಕ್ಕು ಸಡಿಲಿಸುತ್ತದೆ, ಆದರೆ ಜಾರಿಕೆ ಬಹಳ ದಿನ ನಿಲ್ಲುವುದಿಲ್ಲ. ಅದನ್ನು ಹೊಡೆದು, ಹಳೇ ಹಲ್ಲುಜ್ಜುವ ಬ್ರಶ್ಶಿನಲ್ಲಿ ಕೊಳೆ ಉಜ್ಜಿ, ಒರೆಸಿ, ಬಿಳಿ ಲಿಥಿಯಂ ಗ್ರೀಸನ್ನು ಕೊಕ್ಕೆಗೆ ಸವರಿ. ಕೀ ತೂತಿಗೆ ಗ್ರೀಸ್ ಬೇಡ, ಗ್ರಾಫೈಟ್ ಪುಡಿ ಊದಿ. ಮುಗಿಯಿತೆಂದು ಕೂಡಲೇ ಬಾಗಿಲು ಹಾಕಿಬಿಡಬೇಡಿ. ಬಾಗಿಲು ಮೇಲಿರುವಾಗಲೇ ಕೊಕ್ಕೆಯನ್ನು ಸ್ಕ್ರೂಡ್ರೈವರಿನಿಂದ ಒತ್ತಿ ಮುಚ್ಚಿಸಿ, ಆಮೇಲೆ ಲಿವರ್ ಎಳೆದೋ ಸ್ವಿಚ್ ಒತ್ತಿಯೋ ಅದು ಬಿಚ್ಚಿಕೊಳ್ಳುತ್ತದಾ ನೋಡಿ. ನಾಲ್ಕು ಸಲ ಬಿಚ್ಚಿಕೊಂಡರೆ ಡಿಕ್ಕಿ ಹಾಕಿ.