ಬಾಟಲಿಯಲ್ಲಿ ತಂದ ಕೆರೆ ನೀರು

ಡಿಸೆಂಬರ್ ಬಂತೆಂದರೆ ಹಾಸನದ ನನ್ನ ವಕೀಲಿ ಆಫೀಸಿಗೆ ಬಾಟಲಿಗಳು ಬರಲು ಶುರು. ಕೂಲ್‌ಡ್ರಿಂಕ್ಸ್ ಕುಡಿದು ತೊಳೆದ ಬಾಟಲಿ, ಒಳಗೆ ಕಂದು ನೀರು. ಕಾಫಿ ಕೊಯ್ಲಿನ ಕಾಲದಲ್ಲಿ ಮೇಲಿನ ಪಲ್ಪರ್‌ನಿಂದ (ಕಾಫಿ ಹಣ್ಣಿನ ಸಿಪ್ಪೆ ಸುಲಿದು ತೊಳೆಯುವ ಘಟಕ) ಹಳ್ಳಕ್ಕೆ, ಹಳ್ಳದಿಂದ ಕೆರೆಗೆ ಇಳಿದ ನೀರು ಅದು. "ಸಾರ್, ಇದನ್ನ ಜಡ್ಜ್ ಮುಂದೆ ಇಟ್ರೆ ಸಾಕು, ಮುಚ್ಚಿಸ್ತಾರೆ ಅಲ್ವಾ?" ಎಂದು ಕೇಳುತ್ತಾರೆ. ಇಲ್ಲ, ಸಾಕಾಗುವುದಿಲ್ಲ. ಎಷ್ಟು ಸಲ ಹೇಳಿದರೂ ಮುಂದಿನ ವರ್ಷ ಮತ್ತೆ ಬಾಟಲಿ ಬರುತ್ತದೆ. ಅದಕ್ಕೇ ಇವತ್ತು ಬರೆದೇ ಹೇಳುತ್ತಿದ್ದೇನೆ.

ಮೂರು ವರ್ಷದ ಹಿಂದೆ ಸಕಲೇಶಪುರದ ಕಡೆಯಿಂದ ಒಬ್ಬ ಹಿರಿಯರು ಬಂದಿದ್ದರು. ಟವೆಲ್‌ನಲ್ಲಿ ಸುತ್ತಿದ ಬಾಟಲಿಯನ್ನು ಬಸ್ಸಿನಲ್ಲಿ ತೊಡೆಯ ಮೇಲೇ ಇಟ್ಟುಕೊಂಡು ತಂದಿದ್ದರು. ನೀರು ಹಿಡಿದು ಆಗಲೇ ನಾಲ್ಕು ದಿನ. ಮುಚ್ಚಳ ತಿರುಗಿಸಿದರೆ ಬುಸ್ಸಂತ ಗಾಳಿ ಬಂತು, ಹುಳಿ ಹೆಂಡದ ವಾಸನೆ ರೂಮೆಲ್ಲ ತುಂಬಿತು. "ಮೀನೆಲ್ಲ ಬಾಯಿ ಬಿಟ್ಕೊಂಡು ಮೇಲೆ ಬಂದ್ವು ಸ್ವಾಮಿ" ಎನ್ನುವಾಗ ಅವರ ದನಿ ನಡುಗುತ್ತಿತ್ತು. ಅವರ ಮಾತನ್ನು ನಾನು ಪೂರ್ತಿ ನಂಬಿದೆ. ಆದರೆ ನಾನು ನಂಬಿದರೆ ಕೇಸು ನಿಲ್ಲುವುದಿಲ್ಲ.

ಯಾಕೆ ಅಂತ ಬಿಡಿಸಿ ಹೇಳುತ್ತೇನೆ. ಪಲ್ಪರ್ ನೀರಿನಲ್ಲಿ ಹಣ್ಣಿನ ಸಕ್ಕರೆ, ಲೋಳೆ ಇರುತ್ತದೆ. ಅದನ್ನು ತಿನ್ನುವ ಸೂಕ್ಷ್ಮಜೀವಿಗಳು ನೀರಿನಲ್ಲಿರುವ ಆಮ್ಲಜನಕವನ್ನು ಮುಗಿಸಿಬಿಡುತ್ತವೆ. ಎಷ್ಟು ಆಮ್ಲಜನಕ ಬೇಕಾಗುತ್ತದೆ ಎನ್ನುವ ಲೆಕ್ಕವೇ ಬಿಒಡಿ. ಕೆರೆ, ಹೊಳೆಗೆ ಬಿಡುವ ನೀರಿಗೆ ಸಾಮಾನ್ಯ ಮಿತಿ ಲೀಟರಿಗೆ 30 ಮಿಲಿಗ್ರಾಂ. ಲ್ಯಾಬ್‌ನವರು ಮಾದರಿಯನ್ನು 27 ಡಿಗ್ರಿಯಲ್ಲಿ 3 ದಿನ ಇಟ್ಟು ಇದನ್ನು ಅಳೆಯುತ್ತಾರೆ. ಅಲ್ಲಿಗೆ ತಲುಪುವವರೆಗೆ ಮಾದರಿ ಐಸಿನಲ್ಲಿರಬೇಕು, ಬೇಗ ತಲುಪಬೇಕು. ನಿಮ್ಮ ಬಾಟಲಿ ಬಿಸಿಲಲ್ಲಿ, ಬಸ್ಸಿನಲ್ಲಿ ನಾಲ್ಕು ದಿನ ಕಳೆದಿದ್ದರೆ ಒಳಗಿನ ನೀರೇ ಬದಲಾಗಿರುತ್ತದೆ. ಆಮೇಲೆ ಬರುವ ಅಂಕಿ ಬಾಟಲಿಯ ಸ್ಥಿತಿ ಹೇಳುತ್ತದೆಯೇ ಹೊರತು ಕೆರೆಯದ್ದನ್ನಲ್ಲ.

ಇನ್ನು ಕಾನೂನು. 1974ರ ಜಲ ಕಾಯ್ದೆಯ ಸೆಕ್ಷನ್ 21 ಓದಿ. ಮಾಲಿನ್ಯ ನಿಯಂತ್ರಣ ಮಂಡಳಿಯ ಅಧಿಕಾರಿ ಘಟಕದ ಕೊಳಚೆ ನೀರಿನ ಮಾದರಿ ತೆಗೆದರೆ, ಅಲ್ಲೇ ಘಟಕದವರಿಗೆ ನೋಟಿಸ್ ಕೊಡಬೇಕು. ಅವರ ಎದುರೇ ಮಾದರಿಯನ್ನು ಎರಡು ಭಾಗ ಮಾಡಿ, ಸೀಲ್ ಹಾಕಿ, ಇಬ್ಬರೂ ಸಹಿ ಮಾಡಿ, ಕೂಡಲೇ ಲ್ಯಾಬ್‌ಗೆ ಕಳಿಸಬೇಕು. ಘಟಕದವರು ಬೇಕೆಂದೇ ಬಾರದಿದ್ದರೆ ಏನು ಮಾಡಬೇಕೆಂದೂ ಅಲ್ಲೇ ಬರೆದಿದೆ. ಈ ಕ್ರಮ ತಪ್ಪಿದರೆ ಆ ವರದಿ ಸಾಕ್ಷ್ಯವೇ ಆಗುವುದಿಲ್ಲ. ಸರ್ಕಾರದ ಅಧಿಕಾರಿ ತೆಗೆದ ಮಾದರಿಗೇ ಇಷ್ಟು ಬಿಗಿ. ಹಾಗಿರುವಾಗ ನೀವು ಹಿಡಿದು ತಂದ ಬಾಟಲಿಯನ್ನು ಎದುರು ಪಕ್ಷದ ವಕೀಲರು ಸುಮ್ನೆ ಬಿಡುತ್ತಾರಾ? "ಇದು ನಮ್ಮ ಪೈಪಿನದ್ದೇ ಅಂತ ಯಾರು ನೋಡಿದ್ದು?" ಎಂಬ ಒಂದೇ ಪ್ರಶ್ನೆಗೆ ಕಥೆ ಮುಗಿಯುತ್ತದೆ.

ರಾಷ್ಟ್ರೀಯ ಹಸಿರು ನ್ಯಾಯಮಂಡಳಿಗೆ ಸಾಕ್ಷ್ಯ ಕಾಯ್ದೆಯ ಕಟ್ಟುಪಾಡಿಲ್ಲ, ಅಲ್ಲಿ ನಡೆಯುತ್ತದೆ ಎಂದು ಕೆಲವರು ವಾದಿಸುತ್ತಾರೆ. ಕಟ್ಟುಪಾಡಿಲ್ಲ ನಿಜ. ಆದರೆ ಅಲ್ಲೂ ಸಾಮಾನ್ಯವಾಗಿ ಒಂದು ಸಮಿತಿ ಮಾಡಿ, ಹೋಗಿ ನೋಡಿ ಬನ್ನಿ ಎನ್ನುತ್ತಾರೆ. ಸಮಿತಿ ಬರುವ ಹೊತ್ತಿಗೆ ಏಪ್ರಿಲ್ ಆಗಿರುತ್ತದೆ. ಪಲ್ಪರ್ ನಿಂತಿರುತ್ತದೆ, ಹಳ್ಳ ಒಣಗಿರುತ್ತದೆ. ಇನ್ನೊಂದು ವಿಷಯ, ಹಸಿರು ನ್ಯಾಯಮಂಡಳಿ ಕಾಯ್ದೆಯ ಸೆಕ್ಷನ್ 14ರ ಅರ್ಜಿಗೆ 6 ತಿಂಗಳ ಗಡುವಿದೆ. ಸರಿಯಾದ ಕಾರಣ ಇದ್ದರೆ ಮಾತ್ರ ಇನ್ನು 60 ದಿನ, ಅದಕ್ಕಿಂತ ಜಾಸ್ತಿ ಇಲ್ಲ.

"ನಮ್ಮದು ಸಂರಕ್ಷಿತ ಕೆರೆ ಅಲ್ವಲ್ಲ ಸಾರ್" ಎಂದು ಅರ್ಧ ಜನ ಮೊದಲೇ ಸೋತು ಕೂರುತ್ತಾರೆ. 2017ರ ಜೌಗು ಪ್ರದೇಶ ನಿಯಮಗಳು ನೀರಾವರಿಗೆಂದು ಜನ ಕಟ್ಟಿದ ಕೆರೆಗಳನ್ನು ಹೊರಗಿಟ್ಟಿವೆ, ಹೌದು. ಆದರೆ ಜಲ ಕಾಯ್ದೆ ಹಾಗಲ್ಲ. ಅದರಲ್ಲಿ ಮನುಷ್ಯ ಕಟ್ಟಿದ ಕೆರೆಯೂ ಬರುತ್ತದೆ, ಸದ್ಯಕ್ಕೆ ಒಣಗಿರುವ ಹಳ್ಳವೂ ಬರುತ್ತದೆ. ಸಖರಾಯಪಟ್ಟಣದ ದೊಡ್ಡ ಅಯ್ಯನಕೆರೆಗೆ ಈ ಕಾಯ್ದೆಯಲ್ಲಿ ಇರುವ ರಕ್ಷಣೆ ನಿಮ್ಮೂರ ಹೆಸರಿಲ್ಲದ ಕಟ್ಟೆಗೂ ಇದೆ.

ಹಾಗಾದರೆ ಏನು ಮಾಡಬೇಕು? ನೀರು ಬಂದ ದಿನವೇ ಮಂಡಳಿಯ ಪ್ರಾದೇಶಿಕ ಕಚೇರಿಗೆ ಬರೆಯಿರಿ. ಯಾವ ಪೈಪು, ಎಷ್ಟು ಹೊತ್ತಿಗೆ, ಯಾವ ಹಳ್ಳ ಎಂಬುದು ಅದರಲ್ಲಿರಲಿ. ಸೆಕ್ಷನ್ 21ರಂತೆ ಮಾದರಿ ತೆಗೆಯಿರಿ ಎಂಬ ಮಾತು ಇರಲೇಬೇಕು. ಸ್ವೀಕೃತಿ ಪಡೆಯದೆ ಬರಬೇಡಿ. ಘಟಕ ನಡೆಸಲು ಮಂಡಳಿ ಕೊಟ್ಟ ಸಮ್ಮತಿ ಪತ್ರವನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. ನೀರನ್ನು ಎಲ್ಲಿ ಬಿಡಬೇಕು, ಎಷ್ಟು ಬಿಡಬೇಕು ಎಂಬ ಷರತ್ತುಗಳು ಅದರಲ್ಲೇ ಇರುತ್ತವೆ. ಷರತ್ತು ಮುರಿದದ್ದು ಗೊತ್ತಾದರೆ ಜಲ ಕಾಯ್ದೆಯ ಸೆಕ್ಷನ್ 33ಎ ಪ್ರಕಾರ ಕರೆಂಟ್ ಕಡಿಸುವ, ಘಟಕ ಮುಚ್ಚಿಸುವ ಅಧಿಕಾರ ಮಂಡಳಿಗಿದೆ. ಮುಚ್ಚಿಸಿಯೇ ಬಿಡುತ್ತಾರೆ ಎಂದು ನಾನು ಮಾತು ಕೊಡಲಾರೆ, ಪ್ರತಿ ಕೇಸೂ ಬೇರೆ. ಫೋನಿನಲ್ಲಿ ತೆಗೆದ ವಿಡಿಯೊ ಅದೇ ಫೋನಿನಲ್ಲಿ ಇರಲಿ. ವಾಟ್ಸಾಪ್‌ನಲ್ಲಿ ನನಗೆ ಕಳಿಸಿ ಮೂಲವನ್ನು ಅಳಿಸಬೇಡಿ.

ಆ ಹಿರಿಯರಿಗೂ ಇದನ್ನೇ ಹೇಳಿ, ನೀರು ಬಂದ ದಿನವನ್ನೆಲ್ಲ ಮನೆ ಕ್ಯಾಲೆಂಡರಿನಲ್ಲಿ ಬರೆದಿಡಿ ಗೌಡ್ರೇ ಎಂದಿದ್ದೆ. ಮುಂದಿನ ಡಿಸೆಂಬರ್‌ನಲ್ಲಿ ಒಂದು ದಿನ ಬೆಳಿಗ್ಗೆ ಆರಕ್ಕೇ ಫೋನು. "ನೀರು ಬಂತು ಸ್ವಾಮಿ." ಹತ್ತು ಗಂಟೆಗೆ ದೂರು ಹೋಯಿತು. ಮಾರನೇ ದಿನ ಅಧಿಕಾರಿಗಳು ಐಸ್ ಪೆಟ್ಟಿಗೆ ಹಿಡಿದು ಬಂದರು, ಘಟಕದ ಮ್ಯಾನೇಜರ್ ಸಹಿ ಹಾಕಿದರು. ವಿಚಾರಣೆ ಇನ್ನೂ ನಡೆಯುತ್ತಿರುವುದರಿಂದ ಹೆಚ್ಚು ಹೇಳಲಾರೆ. ಅಧಿಕಾರಿಗಳು ಹೊರಡುವ ತನಕ ಗೌಡರು ಕೆರೆ ಏರಿ ಮೇಲೆ ನಿಂತೇ ಇದ್ದರಂತೆ. ಕ್ಯಾಲೆಂಡರನ್ನು ಮೊಳೆಯಿಂದ ಕಿತ್ತು ನನಗೇ ತಂದುಕೊಟ್ಟಿದ್ದಾರೆ. ಆ ದಿನದ ಚೌಕದಲ್ಲಿ ನೀಲಿ ಪೆನ್ನಿನಲ್ಲಿ ಬರೆದಿದೆ: "ಸೀಲ್ ಆಯ್ತು, 3-20."