ಸಾಕ್ಷ್ಯಚಿತ್ರ: ಕಂಡವರು ಯಾರು?

ಸನ್ಮಾನ ಸಮಾರಂಭಕ್ಕೆಂದು ಹಣ ಕೊಟ್ಟು ಮಾಡಿಸಿದ ಹೊಗಳಿಕೆಯ ವಿಡಿಯೊವನ್ನು 'ಸಾಕ್ಷ್ಯಚಿತ್ರ' ಎಂದು ವೇದಿಕೆಯಿಂದ ಘೋಷಿಸಿದ್ದನ್ನು ಈಚೆಗೆ ಮತ್ತೊಮ್ಮೆ ಕೇಳಬೇಕಾಯಿತು. ಅದನ್ನು ಪರಿಚಯಚಿತ್ರವೆನ್ನಲಿ, ಪ್ರಚಾರಚಿತ್ರವೆನ್ನಲಿ, ತಕರಾರಿಲ್ಲ. ಸಾಕ್ಷ್ಯವೆಂಬ ಮಾತಿಗೆ ಮಾತ್ರ ಅಲ್ಲಿ ಜಾಗವಿಲ್ಲ.

'ಸಾಕ್ಷಿ' ಪದವನ್ನು ಪಾಣಿನಿ 'ಸಾಕ್ಷಾದ್ ದ್ರಷ್ಟರಿ ಸಂಜ್ಞಾಯಾಮ್' ಎಂಬ ಸೂತ್ರದಲ್ಲಿ ಸಾಧಿಸುತ್ತಾನೆ. 'ಸಾಕ್ಷಾತ್' ಎಂಬುದಕ್ಕೆ 'ಇನಿ' ಪ್ರತ್ಯಯ ಸೇರಿ, ಕಣ್ಣಾರೆ ಕಂಡವನು ಎಂಬರ್ಥದ 'ಸಾಕ್ಷಿನ್' ಆಗುತ್ತದೆ. ಸಾಕ್ಷಾತ್ ಎಂಬುದರೊಳಗೇ 'ಅಕ್ಷ', ಅಂದರೆ ಕಣ್ಣು, ಅಡಗಿದೆ. ಕಂಡವನು ಸಾಕ್ಷಿ, ಅವನು ನುಡಿಯುವುದು ಸಾಕ್ಷ್ಯ. 'ಸಾಕ್ಷಿಚಿತ್ರ' ಎಂದೋ, ಯಕಾರ ನುಂಗಿ 'ಸಾಕ್ಷಚಿತ್ರ' ಎಂದೋ ಬರೆಯುವವರು ಈ ಭೇದವನ್ನೇ ಅಳಿಸಿಬಿಡುತ್ತಾರೆ. ಇಂಗ್ಲಿಷಿನ 'ಡಾಕ್ಯುಮೆಂಟರಿ'ಯ ಬೇರು 'ಕಲಿಸು' ಎಂಬರ್ಥದ ಲ್ಯಾಟಿನ್ ಧಾತುವಿನಲ್ಲಿದೆ. ಸ್ಕಾಟ್ಲೆಂಡಿನ ಚಿತ್ರಕರ್ಮಿ ಜಾನ್ ಗ್ರಿಯರ್‌ಸನ್ 1926ರಲ್ಲಿ ಅಮೆರಿಕದ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿಯ ಚಿತ್ರವೊಂದನ್ನು ವಿಮರ್ಶಿಸುತ್ತ ಬಳಸಿದ ಆ ವಿಶೇಷಣ ಮುಂದೆ ಒಂದು ಸಿನಿಮಾ ಪ್ರಕಾರದ ಹೆಸರಾಗಿ ನೆಲೆನಿಂತಿತು. ಅಲ್ಲಿ ಪಾಠವೂ ದಾಖಲೆಯೂ ಮುಂದಾದರೆ, ಕನ್ನಡದಲ್ಲಿ ನಾವು ಬಳಸುವ ಪದದಲ್ಲಿ ಕಂಡವರ ಕಣ್ಣು ಮುಂದಾಗಿದೆ. ಮೂಲಕ್ಕಿಂತ ಹೆಚ್ಚು ಹೇಳುವ ಅನುವಾದವಿದು ಎಂದೇ ನನ್ನ ನಂಬಿಕೆ.

ಈ ಕಣ್ಣನ್ನು ಮರೆತವರೇ, ಸಾಕ್ಷ್ಯಚಿತ್ರ ಮಾಡುವವರಿಗೆ ಸ್ವಂತ ಅಭಿಪ್ರಾಯ ಇರಕೂಡದೆಂದು ವಾದಿಸುತ್ತಾರೆ. ನಿಷ್ಪಕ್ಷಪಾತವೆಂಬುದು ನ್ಯಾಯಾಧೀಶರ ಧರ್ಮ. ಸಾಕ್ಷಿಯಾದವರು ಎಲ್ಲಿ ನಿಂತು ಕಂಡೆವೆಂಬುದನ್ನು ಮರೆಮಾಚದೆ, ಕಂಡದ್ದನ್ನು ತಿರುಚದೆ ಹೇಳಬೇಕು. ಕಾನೂನು ಬೋಧಿಸುತ್ತಿದ್ದು ಸಿನಿಮಾಕ್ಕೆ ಬಂದ ಅಮೆರಿಕದ ಫ್ರೆಡರಿಕ್ ವೈಸ್‌ಮನ್ ಅವರ ಚಿತ್ರಗಳಲ್ಲಿ ನಿರೂಪಣೆಯ ದನಿಯಿಲ್ಲ, ಸಂದರ್ಶನವಿಲ್ಲ; ಆದರೂ ಯಾವ ದೃಶ್ಯ ಉಳಿಯಬೇಕು, ಯಾವುದರ ಪಕ್ಕ ಯಾವುದು ನಿಲ್ಲಬೇಕು ಎಂಬ ಸಂಕಲನದ ಆಯ್ಕೆಯಲ್ಲೇ ಅವರ ನಿಲುವು ತಿಳಿಯುತ್ತದೆ. ಮಾನಸಿಕ ಅಸ್ವಸ್ಥ ಕೈದಿಗಳ ಆಸ್ಪತ್ರೆಯನ್ನು ಕುರಿತ ಅವರ 1967ರ ಮೊದಲ ಚಿತ್ರದ ಸಾರ್ವಜನಿಕ ಪ್ರದರ್ಶನದ ಮೇಲಿದ್ದ ನಿರ್ಬಂಧ ತೆರವಾದದ್ದು 1991ರಲ್ಲಿ. ಯಾವ ಅಭಿಪ್ರಾಯವೂ ಇಲ್ಲದ ಚಿತ್ರಕ್ಕೆ ಯಾರೂ ಅಷ್ಟು ಹೆದರುವುದಿಲ್ಲ. ಇದಕ್ಕೆ ತೀರ ಭಿನ್ನವಾಗಿ, ನಮ್ಮ ದೇಶದವರೇ ಆದ ಆನಂದ್ ಪಟವರ್ಧನ್ ಅವರ ಚಿತ್ರಗಳಲ್ಲಿ ನಿರ್ದೇಶಕರ ದನಿಯೇ ಕೇಳುತ್ತದೆ, ಕ್ಯಾಮೆರಾದ ಹಿಂದಿನಿಂದ ಅವರು ಕೇಳುವ ಪ್ರಶ್ನೆಗಳೂ ಕೇಳುತ್ತವೆ. ಶೈಲಿ ಎರಡಾದರೂ ಎರಡೂ ಸಾಕ್ಷ್ಯವೇ.

'ಸಾಕ್ಷ್ಯಚಿತ್ರ' ಎಂಬುದಕ್ಕೆ ಮೊದಲು ಸೇರಿಸುವ 'ಸ್ವತಂತ್ರ' ಎಂಬ ವಿಶೇಷಣವನ್ನು ಕಡಿಮೆ ಖರ್ಚಿನ, ಒಂಟಿ ದುಡಿಮೆಯ ಎಂಬರ್ಥಕ್ಕೆ ಇಳಿಸಿರುವುದೂ ಸರಿಯಲ್ಲ. 'ಸ್ವತಂತ್ರಃ ಕರ್ತಾ' ಎನ್ನುತ್ತದೆ ವ್ಯಾಕರಣ: ಕ್ರಿಯೆಯಲ್ಲಿ ಯಾರು ಸ್ವತಂತ್ರರೋ ಅವರೇ ಕರ್ತೃ. ಏನು ತೋರಿಸಬೇಕು, ಏನನ್ನು ಕತ್ತರಿಸಬಾರದು ಎಂಬ ತೀರ್ಮಾನ ತಮ್ಮ ಕೈಯಲ್ಲೇ ಉಳಿಸಿಕೊಂಡವರಿಗೆ ಆ ಮಾತು ಸಲ್ಲುತ್ತದೆ, ಖರ್ಚು ಎಷ್ಟೇ ಆಗಿರಲಿ. ಪಟವರ್ಧನ್ ತಮ್ಮ ಚಿತ್ರವೊಂದು ದೂರದರ್ಶನದಲ್ಲಿ ಪ್ರಸಾರವಾಗಬೇಕೆಂದು ವರ್ಷಗಟ್ಟಲೆ ನ್ಯಾಯಾಲಯದಲ್ಲಿ ಹೋರಾಡಿ, 2006ರಲ್ಲಿ ಸುಪ್ರೀಂ ಕೋರ್ಟಿನ ಆದೇಶ ಪಡೆದರು.