ಎರಡು ಸೆಕೆಂಡಿಗೆ ಕಪ್ಪಾಗುವ ಮಾನಿಟರ್: ಪ್ರೊಟೆಕ್ಷನ್ ಕಿತ್ತುಹಾಕುವ ಮೊದಲು

ಹಳೇ ಎಲ್‌ಸಿಡಿ ಮಾನಿಟರ್ ಆನ್ ಆಗುತ್ತದೆ, ಚಿತ್ರ ಬರುತ್ತದೆ, ಒಂದೆರಡು ಸೆಕೆಂಡಿನಲ್ಲೇ ಕಪ್ಪಾಗುತ್ತದೆ. ಟಾರ್ಚ್ ಓರೆಯಾಗಿ ಬಿಟ್ಟು ನೋಡಿ. ಮಸುಕಾಗಿ ಚಿತ್ರ ಕಾಣಿಸಿದರೆ ಪ್ಯಾನೆಲ್ ಚೆನ್ನಾಗಿದೆ, ಹಿಂದಿನಿಂದ ಬೆಳಕು ಕೊಡುವ ಬ್ಯಾಕ್‌ಲೈಟ್ ಮಾತ್ರ ಆರಿದೆ.

ಆಗ ತುಂಬಾ ಜನ ಮಾಡುವುದು ಒಂದೇ: ಬ್ಯಾಕ್‌ಲೈಟಿಗೆ ದೊಡ್ಡ ವೋಲ್ಟೇಜ್ ಕೊಡುವ ಇನ್ವರ್ಟರಿನ ಐಸಿಯಲ್ಲಿ ಪ್ರೊಟೆಕ್ಷನ್ ಪಿನ್ (ತೊಂದರೆ ಕಂಡರೆ ಆರಿಸುವುದು) ಗ್ರೌಂಡ್ ಮಾಡಿ, ಬೆಳಕು ಆರದೆ ಉಳಿಯಿತು ಅಂತ ಕೊಟ್ಟು ಕಳಿಸುವುದು. ದಯವಿಟ್ಟು ಹಾಗೆ ಮಾಡಬೇಡಿ. ಇಲ್ಲಿ ಬ್ಯಾಕ್‌ಲೈಟ್ ಆಗಿರುವ ಸಿಸಿಎಫ್‌ಎಲ್ ಟ್ಯೂಬ್ (ತೆಳ್ಳನೆಯ ಫ್ಲೋರೊಸೆಂಟ್ ದೀಪ) ಹೊತ್ತಿಸಲು ಸಾವಿರ ವೋಲ್ಟಿಗಿಂತ ಜಾಸ್ತಿ ಬೇಕು, ಹೊತ್ತಿದ ಮೇಲೆ ಸುಮಾರು 600-700 ವೋಲ್ಟ್ ಸಾಕು. ಟ್ಯೂಬ್ ಹೊತ್ತದಿದ್ದರೆ ಇನ್ವರ್ಟರಿನ ಟ್ರಾನ್ಸ್‌ಫಾರ್ಮರ್ ಆ ದೊಡ್ಡ ವೋಲ್ಟೇಜಿನಲ್ಲೇ ಒದ್ದಾಡುತ್ತಿರುತ್ತದೆ. ಅದು ಸುಟ್ಟುಹೋಗಬಾರದು ಅಂತಲೇ ಐಸಿ ಸ್ವಲ್ಪ ಹೊತ್ತು ಕಾದು, ಟ್ಯೂಬಿನ ಕರೆಂಟ್ ಸರಿಯಾಗಿ ಬರದಿದ್ದರೆ ಎಲ್ಲವನ್ನೂ ನಿಲ್ಲಿಸಿಬಿಡುತ್ತದೆ. ಒಂದು ಟ್ಯೂಬ್ ಕೆಟ್ಟರೂ ಸಾಮಾನ್ಯವಾಗಿ ಎಲ್ಲವೂ ಆರುತ್ತವೆ, ಪವರ್ ತೆಗೆದು ಹಾಕುವವರೆಗೆ ಹಾಗೇ ಇರುತ್ತವೆ.

ಮೊದಲು ಪವರ್ ಸಪ್ಲೈ ನೋಡಿ. ಉಬ್ಬಿದ ಕೆಪ್ಯಾಸಿಟರ್ ಇದ್ದರೆ ಲೋಡ್ ಬಿದ್ದ ತಕ್ಷಣ ಇನ್ವರ್ಟರಿಗೆ ಹೋಗುವ ವೋಲ್ಟೇಜ್ ಕುಸಿಯುತ್ತದೆ. ಉಬ್ಬಿಲ್ಲ ಅಂದ ಮಾತ್ರಕ್ಕೆ ಚೆನ್ನಾಗಿದೆ ಅಂತಲ್ಲ, ಒಳಗಿನ ರೆಸಿಸ್ಟೆನ್ಸ್ ಅಳೆಯುವ ಇಎಸ್‌ಆರ್ ಮೀಟರ್ ಇಟ್ಟು ನೋಡಿ. ಮೈನ್ಸ್ ಕಡೆಯ ದೊಡ್ಡ ಕೆಪ್ಯಾಸಿಟರಿನಲ್ಲಿ 300 ವೋಲ್ಟಿಗೂ ಜಾಸ್ತಿ ಉಳಿದಿರಬಹುದು, ಅದನ್ನು ಡಿಸ್‌ಚಾರ್ಜ್ ಮಾಡಿಯೇ ಕೈ ಹಾಕಿ.

ಆಮೇಲೆ ಟ್ಯೂಬ್. ಕೆಲಸ ಮಾಡುವ ಒಂದು ಟ್ಯೂಬ್ ಬೆಂಚಿನ ಮೇಲೆ ಇಟ್ಟುಕೊಂಡಿದ್ದರೆ ಅರ್ಧ ಕೆಲಸ ಮುಗಿದ ಹಾಗೆ. ಪವರ್ ತೆಗೆದು ಒಂದೊಂದೇ ಕನೆಕ್ಟರಿಗೆ ಅದನ್ನು ಹಾಕಿ, ಮತ್ತೆ ಆನ್ ಮಾಡಿ. ಯಾವ ಜಾಗದಲ್ಲಿ ಹಾಕಿದಾಗ ಬೆಳಕು ಆರದೆ ಉಳಿಯುತ್ತದೋ, ಅಲ್ಲಿಂದ ತೆಗೆದ ಟ್ಯೂಬೇ ಕೆಟ್ಟಿದ್ದು, ಇಲ್ಲವೇ ಅದರ ವೈರ್ ತುದಿಯ ಬೆಸುಗೆ ಬಿಟ್ಟಿದೆ. ತುದಿ ಕಪ್ಪಾಗಿದ್ದರೆ, ಆರುವ ಮೊದಲು ಕೆಂಪಗೆ ಉರಿದರೆ ಅನುಮಾನ ಬೇಡ. ಟ್ಯೂಬಿನಲ್ಲಿ ಪಾದರಸ ಇದೆ, ಒಡೆಯದಂತೆ ಹುಷಾರಾಗಿರಿ.

ಎಲ್ಲಿ ಹಾಕಿದರೂ ಬೆಳಕು ಆರುತ್ತಿದ್ದರೆ ಟ್ರಾನ್ಸ್‌ಫಾರ್ಮರ್ ನೋಡಬೇಕು, ಅದರಲ್ಲೂ ಒಂದೇ ಥರದ ಎರಡು ಇರುವ ಬೋರ್ಡ್ ಆದರೆ ಪವರ್ ತೆಗೆದು ಎರಡರ ಸೆಕೆಂಡರಿ (ಟ್ಯೂಬಿಗೆ ಹೋಗುವ ಕಡೆಯ ಸುತ್ತು) ಓಮ್ಸ್ ಹೋಲಿಸಿ, ಯಾಕೆಂದರೆ ಅದು ಸಾಮಾನ್ಯವಾಗಿ ಕೆಲವು ನೂರು ಓಮ್ಸ್‌ನಿಂದ ಸಾವಿರದ ಮೇಲೂ ಇರಬಹುದು, ಒಂಟಿ ಸಂಖ್ಯೆಯಿಂದ ಏನೂ ಗೊತ್ತಾಗುವುದಿಲ್ಲ. ಒಂದು ಓಪನ್ ಆಗಿದ್ದರೆ, ಅಂದರೆ ಒಳಗಿನ ತಂತಿ ತುಂಡಾಗಿದ್ದರೆ, ಅದೇ ಕೆಟ್ಟಿದ್ದು. ಆದರೆ ಒಳಗೆ ಒಂದೆರಡು ಸುತ್ತು ಮಾತ್ರ ಶಾರ್ಟ್ ಆಗಿದ್ದರೆ ಓಮ್ಸ್‌ನಲ್ಲಿ ಕಾಣಿಸುವುದಿಲ್ಲ, ಪಲ್ಸ್ ಕೊಟ್ಟು ಅಲೆ ಎಷ್ಟು ಬೇಗ ಆರುತ್ತದೆ ಅಂತ ನೋಡುವ ರಿಂಗ್ ಟೆಸ್ಟೇ ಬೇಕು. ಹತ್ತಿಪ್ಪತ್ತು ನಿಮಿಷ ಓಡಿ ಆರುವ ಕೇಸಿನಲ್ಲಿ ಬಿಸಿ ಇರುವಾಗಲೇ ಅಳೆಯಿರಿ, ತಣ್ಣಗಾದರೆ ಎಲ್ಲ ಸರಿಯಿದ್ದಂತೆ ತೋರುತ್ತದೆ.

ಮಲ್ಟಿಮೀಟರನ್ನು ಮಾತ್ರ ಚಾಲೂ ಇರುವ ಔಟ್‌ಪುಟ್ಟಿಗೆ ಹಿಡಿಯಬೇಡಿ, ಮೀಟರ್ ಹೋಗುತ್ತದೆ. ಆಸಿಲೋಸ್ಕೋಪ್ ಪ್ರೋಬನ್ನು ಟ್ರಾನ್ಸ್‌ಫಾರ್ಮರ್ ಹತ್ತಿರ ತಂದರೆ ಸಾಕು, ಮುಟ್ಟದೆಯೇ ಅಲೆ ಕಾಣಿಸುತ್ತದೆ.

ರಿಪೇರಿ ಆದ ಮೇಲೆ ಪ್ಯಾನೆಲ್ ಮುಚ್ಚಿ, ಬ್ರೈಟ್‌ನೆಸ್ ಪೂರ್ತಿ ಇಟ್ಟು, ಕೆಲವು ಗಂಟೆ ಓಡಿಸಿಯೇ ಗಿರಾಕಿಗೆ ಕೊಡಿ.